ಪಾಲ್ ಸ್ಕೋಫೀಲ್ಡರ ಥಾಮಸ್ ಮೋರ್

ಇತಿಹಾಸದ ವಿದ್ಯಾರ್ಥಿಗೆ ನಟನೊಬ್ಬನ ವೃತ್ತಿಜೀವನದಿಂದ ಆಗಬೇಕಾದುದೇನು ಎಂದು ಯಾರಾದರೂ ಕೇಳಬಹುದು. ಆದರೆ ಹದಿನಾರನೆಯ ಶತಮಾನದ ಇಂಗ್ಲೆಂಡನ್ನು ಬೋಧಿಸುವವರಿಗೆ ಪರಿಚಿತವಾದ ತೊಡಕೊಂದುಂಟು. ಸರ್ ಥಾಮಸ್ ಮೋರನ ಹೆಸರೆತ್ತಿದೊಡನೆ, ಚಲಚ್ಚಿತ್ರವನ್ನು ಕಂಡವರ ಕಣ್ಣೆದುರು ನಿಲ್ಲುವುದು 1527ರಲ್ಲಿ ಹಾಲ್ಬೈನ್ ಬರೆದ ಚಿತ್ರವಲ್ಲ. ಪಾಲ್ ಸ್ಕೋಫೀಲ್ಡ್ ಅವರ ಮುಖ. ನಟನು ಚರಿತ್ರೆಯ ವ್ಯಕ್ತಿಯೊಬ್ಬನನ್ನು ಈ ಮಟ್ಟಿಗೆ ಆಕ್ರಮಿಸಿಕೊಂಡಾಗ ಆ ಅಭಿನಯದ ವಿಮರ್ಶೆ ಇತಿಹಾಸಕಾರನ ಕರ್ತವ್ಯವೂ ಆಗುತ್ತದೆಂದು ನಾವು ಭಾವಿಸುತ್ತೇವೆ.

1922ರಲ್ಲಿ ಬರ್ಮಿಂಗ್‌ಹ್ಯಾಮಿನಲ್ಲಿ ಜನಿಸಿದ ಸ್ಕೋಫೀಲ್ಡ್ ಅವರು ಹದಿಹರೆಯದಲ್ಲಿಯೇ ಕ್ರಾಯ್ಡನ್ನಿನ ರಂಗಶಾಲೆಯನ್ನು ಸೇರಿದರು. ಬರ್ಮಿಂಗ್‌ಹ್ಯಾಮ್ ರೆಪರ್ಟರಿಯಲ್ಲಿ ಪಳಗಿ 1946ರಲ್ಲಿ ಸ್ಟ್ರಾಟ್‌ಫರ್ಡಿಗೆ ಬಂದರು. 1948ರಲ್ಲಿ ಅಲ್ಲಿ ಹ್ಯಾಮ್ಲೆಟ್. 1955ರಲ್ಲಿ ಪೀಟರ್ ಬ್ರೂಕ್ ಅವರ ನಿರ್ದೇಶನದಲ್ಲಿ ಮತ್ತೆ ಅದೇ ಪಾತ್ರ, ಮಾಸ್ಕೋವಿನವರೆಗೂ. 1962ರ ಲಿಯರ್ ದೊರೆಯಂತೂ ಪ್ರೇಕ್ಷಕರ ಕರುಣೆಯನ್ನು ಯಾಚಿಸದ ಲಿಯರ್. ಅದರ ಛಾಯೆ 1971ರ ಚಲಚ್ಚಿತ್ರದಲ್ಲಿ ಉಳಿದಿದೆ. ನಮ್ಮ ಆಲಂಕಾರಿಕರ ಮಾತಿನಲ್ಲಿ ಹೇಳುವುದಾದರೆ ಆಂಗಿಕವನ್ನು ಆದಷ್ಟು ಕುಗ್ಗಿಸಿ, ವಾಚಿಕದಿಂದಲೇ ಸಾತ್ತ್ವಿಕವನ್ನು ಸಾಧಿಸುವುದು ಇವರ ಮಾರ್ಗ. ತುಸು ಬಿರಿದ, ತಡೆತಡೆದು ಹೊರಡುವ ಆ ಕಂಠವನ್ನು ಒಮ್ಮೆ ಕೇಳಿದವರು ಮರೆಯುವುದು ಕಷ್ಟ.

ರಾಬರ್ಟ್ ಬೋಲ್ಟ್ ಅವರ 'ಎ ಮ್ಯಾನ್ ಫಾರ್ ಆಲ್ ಸೀಸನ್ಸ್' ನಾಟಕದಲ್ಲಿ ಈ ಕಂಠಕ್ಕೆ ತಕ್ಕ ಪಾತ್ರ ದೊರೆಯಿತು. 1960ರಲ್ಲಿ ಲಂಡನ್, 1961ರಲ್ಲಿ ನ್ಯೂಯಾರ್ಕ್, 1966ರಲ್ಲಿ ಫ್ರೆಡ್ ಝಿನ್ನೆಮನ್ ಅವರ ಚಲಚ್ಚಿತ್ರ. ಅದಕ್ಕಾಗಿ ಆಸ್ಕರ್ ಪ್ರಶಸ್ತಿ. ದೊರೆಯು ಬಯಸಿದ ಪ್ರಮಾಣವಚನವನ್ನು ಸ್ವೀಕರಿಸದೆ, ಕಾರಣವನ್ನೂ ಹೇಳದೆ, ಮೌನವನ್ನೇ ಕೋಟೆಯಾಗಿ ಮಾಡಿಕೊಂಡ ನ್ಯಾಯವಾದಿಯ ಪಾತ್ರವದು. ಆ ಮೌನವನ್ನು ಸ್ಕೋಫೀಲ್ಡ್ ಅವರು ಒಂದು ಕ್ರಿಯೆಯಾಗಿಯೇ ಅಭಿನಯಿಸಿದ್ದಾರೆ. ರಂಗದ ಮೇಲೆ 'ಸಾಮಾನ್ಯ ಮನುಷ್ಯ'ನೆಂಬ ಪಾತ್ರವೊಂದು ಪಕ್ಕದಲ್ಲಿ ನಿಂತು ಮೋರನನ್ನು ಪ್ರೇಕ್ಷಕರೊಡನೆ ಅಳೆದು ನೋಡುತ್ತಿತ್ತು. ಚಲಚ್ಚಿತ್ರದಲ್ಲಿ ಆ ಪಾತ್ರವಿಲ್ಲ. ಮೋರನನ್ನು ಸಂಶಯದಿಂದ ನೋಡುವ ಕಣ್ಣೊಂದು ಹೀಗೆ ಮುಚ್ಚಿಹೋಯಿತು.

ಸಂಶಯಕ್ಕೆ ಎಡೆಯುಂಟೆಂಬುದನ್ನು ಇತಿಹಾಸವು ಬಲ್ಲದು. 1529ರಿಂದ 1532ರವರೆಗೆ ಚಾನ್ಸಲರನಾಗಿದ್ದ ಮೋರ್ ಲೂಥರನ ಅನುಯಾಯಿಗಳನ್ನು ಬೆನ್ನಟ್ಟಿದವನು. ಅವನ ಅಧಿಕಾರಾವಧಿಯಲ್ಲಿ ಆರು ಮಂದಿ ಪಾಷಂಡಿಗಳೆಂಬ ಆರೋಪದಿಂದ ಜೀವಂತ ಸುಡಲ್ಪಟ್ಟರು. 1535ರಲ್ಲಿ ಶಿರಚ್ಛೇದಕ್ಕೆ ಗುರಿಯಾದವನ ಅಂತಸ್ಸಾಕ್ಷಿ ಇತರರ ಅಂತಸ್ಸಾಕ್ಷಿಗೆ ಎಡೆಗೊಟ್ಟಿರಲಿಲ್ಲ. ಈ ಲೋಪವನ್ನು ನಾಟಕಕಾರರ ಮೇಲೆ ಮಾತ್ರ ಹೊರಿಸುವುದು ನಮಗೆ ಸಮ್ಮತವಲ್ಲ. ಸ್ಕೋಫೀಲ್ಡ್ ಅವರ ದಣಿದ ಸೌಜನ್ಯ, ಮೆಲುಹಾಸ್ಯ ಇವು ಅಂಥ ಪ್ರಶ್ನೆಯೇ ಏಳದಂತೆ ನೋಡಿಕೊಳ್ಳುತ್ತವೆ. ಲೂಥರನ ಮತವನ್ನು ಹಿಡಿದ ರೋಪರನಿಗೆ ಮಗಳನ್ನು ಕೊಡಲು ನಿರಾಕರಿಸುವೆಡೆಯಲ್ಲಿ ಮಾತ್ರ ಆ ಕಂಠ ಕ್ಷಣಕಾಲ ಬಿಗಿಯುತ್ತದೆ. ಅಷ್ಟೇ.

ಮೂವತ್ತು ವರ್ಷಗಳ ತರುವಾಯ, 1996ರಲ್ಲಿ, ಆರ್ಥರ್ ಮಿಲ್ಲರ್ ಅವರ 'ದಿ ಕ್ರೂಸಿಬಲ್' ನಾಟಕದ ಚಲಚ್ಚಿತ್ರದಲ್ಲಿ ಇವರು ನ್ಯಾಯಾಧೀಶ ಡ್ಯಾನ್‌ಫರ್ತ್ ಆದರು. 1692ರ ಸೇಲಮ್, ಮಾಟದ ಆರೋಪದಿಂದ ಹತ್ತೊಂಬತ್ತು ಮಂದಿಯನ್ನು ಗಲ್ಲಿಗೇರಿಸಿದ ಊರು. ಅದೇ ಕಂಠ, ಅದೇ ಸೌಜನ್ಯ, ಕಾನೂನಿನಲ್ಲಿ ಅದೇ ಶ್ರದ್ಧೆ. ಡ್ಯಾನ್‌ಫರ್ತನನ್ನು ಇವರು ಖಳನನ್ನಾಗಿ ಮಾಡಲಿಲ್ಲ. ಆದುದರಿಂದಲೇ ಅವನು ಭಯಂಕರನಾಗಿದ್ದಾನೆ. ಅಂದು ವಚನಕ್ಕೆ ಒಪ್ಪದವನಾಗಿ ಮೇಜಿನ ಈಚೆ ನಿಂತಿದ್ದ ನಟ, ಇಂದು ಆಚೆ ಕುಳಿತು ಪ್ರಾಕ್ಟರನ ಸಹಿಯನ್ನು ಬೇಡುತ್ತಾನೆ. ಬೋಲ್ಟ್ ಬರೆಯದೆ ಬಿಟ್ಟ ಚಾನ್ಸಲರ್ ಇಲ್ಲಿ ದೊರೆಯುತ್ತಾನೆಂದು ನಮಗೆ ತೋರುತ್ತದೆ. ಆದರೆ ಮೋರನಿಗೆ ಬೋಲ್ಟರಿಂದಾದ ಲಾಭದಷ್ಟೇ ನಷ್ಟ ಇಲ್ಲಿ ಡ್ಯಾನ್‌ಫರ್ತನಿಗೆ ಆಗಿದೆ. ಸೇಲಮ್ಮಿನ ವಿಶೇಷ ನ್ಯಾಯಾಲಯದ ಮುಖ್ಯಸ್ಥ ಸ್ಟೌಟನ್. ನಿಜವಾದ ಡ್ಯಾನ್‌ಫರ್ತ್ ಅದರ ಸದಸ್ಯನೇ ಆಗಿರಲಿಲ್ಲ.

ನೈಟ್ ಪದವಿಯನ್ನು ನಿರಾಕರಿಸಿದ್ದ ಸ್ಕೋಫೀಲ್ಡ್ ಅವರು 2008ರಲ್ಲಿ ತೀರಿಕೊಂಡರು. ತರಗತಿಯಲ್ಲಿ ಮೋರನ ಚಲಚ್ಚಿತ್ರವನ್ನು ತೋರಿಸುವ ಅಧ್ಯಾಪಕರು ಮರುದಿನ ಡ್ಯಾನ್‌ಫರ್ತನನ್ನೂ ತೋರಿಸುವುದು ಒಳಿತೆಂದು ನಮ್ಮ ಸೂಚನೆ.