ಕತ್ತಿಯ ಕೆಳಗಿನ ಚಂದ್ರಮತಿ

ಹುಣಸೂರು ಕೃಷ್ಣಮೂರ್ತಿಯವರ ‘ಸತ್ಯ ಹರಿಶ್ಚಂದ್ರ’ (1965) ಕನ್ನಡ ಪೌರಾಣಿಕ ಚಿತ್ರಗಳ ಶಿಖರ ಎಂಬ ಮಾತು ರೂಢಿಯಾಗಿಬಿಟ್ಟಿದೆ. ರಾಜಕುಮಾರ್, ಉದಯಕುಮಾರ್, ವೀರಬಾಹುವಾದ ಎಂ.ಪಿ. ಶಂಕರ್ ಅವರ ಬಗ್ಗೆ ನನ್ನ ತಕರಾರಿಲ್ಲ. ತಕರಾರಿರುವುದು ಚಂದ್ರಮತಿಯ ಬಗ್ಗೆ. ಪಂಢರಿಬಾಯಿ ಸೋತಿಲ್ಲ, ಅವರಿಗೆ ಸಿಕ್ಕ ಪಾತ್ರವೇ ಕಿರಿದಾಗಿದೆ.

ಸ್ಮಶಾನದ ಪ್ರಸಂಗವನ್ನೇ ನೋಡಿ. ಹಾವು ಕಚ್ಚಿ ಸತ್ತ ಮಗನನ್ನು ಹೊತ್ತು ತಂದವಳಿಗೆ ಕಾವಲುಗಾರ, ಅವಳಿಗೆ ಗುರುತು ಸಿಗದ ಗಂಡ ಹರಿಶ್ಚಂದ್ರನೇ, ಸುಂಕ ಕೇಳುತ್ತಾನೆ, ಕೊರಳಲ್ಲಿ ತಾಳಿ ಇದೆಯಲ್ಲ ಎನ್ನುತ್ತಾನೆ. ಗಂಡನಿಗಲ್ಲದೆ ಬೇರೆ ಯಾರಿಗೂ ಕಾಣದ ತಾಳಿ ಅದು. ಕಥೆ ಕೇಳುವವರಿಗೂ ಅದು ಕಾಣುವುದಿಲ್ಲ. ಹಾಗಾಗಿ ‘ಇವನಿಗೆ ಹೇಗೆ ಕಂಡಿತು?’ ಎಂದು ಅವಳು ಬೆಚ್ಚಿದಾಗ ಕೇಳುಗರೂ ಅವಳೊಂದಿಗೆ ಬೆಚ್ಚುತ್ತಾರೆ. ತೆರೆಯ ಮೇಲೆ ತಾಳಿ ಎಲ್ಲರ ಕಣ್ಣಿಗೂ ಬೀಳುತ್ತದೆ. ಕ್ಯಾಮೆರಾ ನಮ್ಮನ್ನು ಗಂಡನ ಕಣ್ಣೊಳಗೆ ಕೂರಿಸಿಬಿಡುತ್ತದೆ. ಅವಳ ಬೆರಗು ಅವಳೊಬ್ಬಳದೇ ಆಗುತ್ತದೆ. ಮುಂದೆ ಅವಳ ತಲೆ ಕಡಿಯಲು ಅವನೇ ಕತ್ತಿ ಎತ್ತಿದಾಗ ನಾವು ಮರುಗುವುದು ಕತ್ತಿ ಹಿಡಿದವನಿಗಾಗಿ. ಇದೇ ಕಥೆಯನ್ನು ಕಾವ್ಯವಾಗಿಸಿದ ಕವಿ ರಾಘವಾಂಕನ ಚಂದ್ರಮತಿ ಪದ್ಮಾಸನ ಹಾಕಿ ಕೂತು, ವಿಶ್ವಾಮಿತ್ರನನ್ನೂ ಸೇರಿಸಿ ಎಲ್ಲರನ್ನೂ ಹರಸಿ, ಹೊಡೆ ಎಂದು ತಾನೇ ಹೇಳುತ್ತಾಳೆ. ಆ ಗಳಿಗೆಯ ಯಜಮಾನಿ ಅವಳು. 1913ರಲ್ಲಿ ಫಾಲ್ಕೆಯ ಹರಿಶ್ಚಂದ್ರ ಚಿತ್ರದಲ್ಲಿ ತಾರಾಮತಿಯಾಗಿ (ಚಂದ್ರಮತಿಗೆ ಅಲ್ಲಿಯ ಹೆಸರು) ಸಾಳುಂಕೆ ಎಂಬ ಗಂಡಸು ಸೀರೆ ಉಟ್ಟದ್ದನ್ನು ಕಾಲದ ಮಿತಿ ಎನ್ನುತ್ತೇವೆ. 52 ವರ್ಷಗಳ ನಂತರ, ಸಮರ್ಥ ನಟಿಯಿದ್ದೂ, ನೋಡುವ ಕಣ್ಣು ಗಂಡಸಿನದೇ ಆಗಿತ್ತು.

ಪುರಾಣದ ಸತಿ ಕೊರಳೊಡ್ಡದೆ ಇನ್ನೇನು ಮಾಡಿಯಾಳು ಎನ್ನುವ ವಿಮರ್ಶಕರಿದ್ದಾರೆ. ಅವರು ಸೊರಬದ ಚಂದ್ರಗುತ್ತಿಗೆ ಹೋಗಿಬರಲಿ. ಅಲ್ಲಿಯ ರೇಣುಕಾಂಬೆಯೂ ಗಂಡನ ಅಪ್ಪಣೆಯಿಂದ ಕೊಡಲಿಗೆ ಗುರಿಯಾದವಳೇ. ಆದರೆ ಆ ಊರಿನ ಐತಿಹ್ಯದಲ್ಲಿ ಅವಳು ಕೊರಳೊಡ್ಡಲಿಲ್ಲ. ಉಟ್ಟ ಸೀರೆ ಜಾರಿದರೂ ನಿಲ್ಲದೆ ಓಡಿ ಗುಹೆ ಹೊಕ್ಕಳು. ಆ ಓಟದ ಹೆಸರಲ್ಲೇ ಬೆತ್ತಲೆ ಸೇವೆ ನಡೆದು, 1986ರ ಗಲಭೆಯ ಬಳಿಕ ಅದನ್ನು ನಿಷೇಧಿಸಬೇಕಾಯಿತು ಎಂಬುದನ್ನು ಮರೆತು ನಾನು ಈ ಮಾತು ಹೇಳುತ್ತಿಲ್ಲ. ದೇವಿ ಓಡಿದ್ದು ಬದುಕಲು. ಅದನ್ನು ಹೆಣ್ಣುಮಕ್ಕಳ ಹರಕೆಯಾಗಿಸಿದ್ದು ಸಮಾಜ. ಪಕ್ಕದ ಶಿಕಾರಿಪುರದ ಉಡುತಡಿಯಿಂದ ಅಕ್ಕಮಹಾದೇವಿ ಅರಸನ ಮನೆಯನ್ನೇ ಬಿಟ್ಟು ನಡೆದಳು. ಅಕ್ಕ ಪುರಾಣದವಳಲ್ಲ, ನಿಜ. ಆದರೆ ಗಂಡನನ್ನು ಧಿಕ್ಕರಿಸಿದವಳನ್ನು ಪೂಜಿಸಲು ಕನ್ನಡದ ಜನ ಹಿಂಜರಿಯಲಿಲ್ಲ. ಪ್ರೇಕ್ಷಕರು ಒಪ್ಪುತ್ತಿರಲಿಲ್ಲ ಎಂಬ ಸಮರ್ಥನೆ ಈ ಎರಡು ತಾಲ್ಲೂಕುಗಳಲ್ಲೇ ಬಿದ್ದುಹೋಗುತ್ತದೆ. ಹುಣಸೂರರು ದೊಡ್ಡ ನಿರ್ದೇಶಕರು. ಚಂದ್ರಮತಿಯ ಮಟ್ಟಿಗೆ ಅವರ ಚಿತ್ರ ರಾಘವಾಂಕನಿಗಿಂತ ಹಿಂದೆ ನಿಂತಿದೆ.