ಮಳೆಗಾಲದ ತೇವ ಹೀರುವ ಯಂತ್ರ

ಮಲೆನಾಡಿನ ಆಷಾಢದಲ್ಲಿ ಹಗ್ಗದ ಮೇಲಿನ ಬಟ್ಟೆ ವಾರವಾದರೂ ಒಣಗದು. ಬೀರುವಿನ ರೇಷ್ಮೆ ಸೀರೆಗೂ ಪುಸ್ತಕದ ರಟ್ಟಿಗೂ ಬೂಷ್ಟು. ಹಿಂದೆ ಒಣಗಿಸಲು ಒಲೆಯ ಮೇಲೆ ಬೆಚ್ಚಗಿನ ಅಟ್ಟವಿತ್ತು. ಈಗ ಆ ಕೆಲಸ ಹೊತ್ತಿರುವ ಡಿಹ್ಯೂಮಿಡಿಫೈಯರ್ ನನಗೆ ಅಚ್ಚುಮೆಚ್ಚು. ಕೋಣೆಯ ಗಾಳಿಯನ್ನೆಳೆದು ತಣ್ಣನೆಯ ಸುರುಳಿಯ ಮೇಲೆ ಹಾಯಿಸುತ್ತದೆ. ಆವಿ ಹನಿಗಟ್ಟಿ ತೊಟ್ಟಿಗಿಳಿಯುತ್ತದೆ. ಒಣಗಿದ ಗಾಳಿಯನ್ನು ಬಿಸಿ ಸುರುಳಿ ದಾಟಿಸಿ ಹೊರಬಿಡುತ್ತದೆ. ತಣಿಸುವಾಗ ಸಿಕ್ಕ ಶಾಖವನ್ನೂ ಪೋಲುಮಾಡದ ಈ ಜಾಣತನ ಎಷ್ಟು ಸೊಗಸು!

ಮಂಗಳೂರಿನ ಸೆಕೆಗೆ ಹೀಗೆ ತಣಿಸಿ ನೀರಿಳಿಸುವ ಕಂಪ್ರೆಸರ್ ಬಗೆಯೇ ಸರಿ. ಮಡಿಕೇರಿಯ ಚಳಿಗಾದರೆ, ಕರೆಂಟು ಹೆಚ್ಚು ಎಳೆದರೂ, ತೇವ ಹೀರುವ ವಸ್ತು ಬಳಸುವ ಡೆಸಿಕೆಂಟ್ ಬಗೆಯನ್ನೂ ನೋಡಬಹುದು. ತೇವಾಂಶ ಶೇ 55ರ ಆಸುಪಾಸಿಗೆ ಇಳಿದಾಗ ತಾನೇ ನಿಲ್ಲುವಂಥದ್ದನ್ನೇ ಕೊಳ್ಳಿ. ನೀರು ಹರಿದುಹೋಗಲು ಪೈಪಿನ ಜೋಡಣೆಯೂ ಇರಲಿ. ಯಂತ್ರ ಓಡುವಾಗ ಕಿಟಕಿ ಮಾತ್ರ ಮುಚ್ಚಿರಬೇಕು.