ತಾಯಿಯ ಕಾಗದ, ಮಗಳ ಕ್ಯಾಮೆರಾ

ಊರಿನಿಂದ ಬರುತ್ತಿದ್ದ ಕಾಗದಗಳಲ್ಲಿ ಸುದ್ದಿಗಿಂತ ವಿಚಾರಣೆಯೇ ಹೆಚ್ಚು. ಊಟಕ್ಕೆ ಏನು ಮಾಡುತ್ತೀ, ಮೈಗೆ ಹುಷಾರೇ, ಯಾಕೆ ಬರೆಯಲಿಲ್ಲ, ಎಂದು ಬರುತ್ತೀ? ಪರಸ್ಥಳದಲ್ಲಿ ನೌಕರಿ ಹಿಡಿದ ನಮಗೆಲ್ಲ ಇದು ಗೊತ್ತಿದ್ದದ್ದೇ. ಇಷ್ಟನ್ನೇ ಬಂಡವಾಳ ಮಾಡಿಕೊಂಡು ಒಂದು ಚಿತ್ರ ನಿಲ್ಲಬಲ್ಲುದೇ? ಬೆಲ್ಜಿಯಂನ ನಿರ್ದೇಶಕಿ ಶಾಂಟಾಲ್ ಆಕರ್ಮನ್ (1950–2015) ಅವರ ಎರಡು ಸಾಕ್ಷ್ಯಚಿತ್ರಗಳನ್ನು ನೋಡಿದ ಮೇಲೆ, ನಿಲ್ಲಬಲ್ಲುದೆಂದೇ ನಮ್ಮ ಅಭಿಪ್ರಾಯ.

1976ರ ‘ನ್ಯೂಸ್ ಫ್ರಂ ಹೋಂ’ ಚಿತ್ರದಲ್ಲಿ ಕಣ್ಣಿಗೆ ಕಾಣುವುದು ನ್ಯೂಯಾರ್ಕಿನ ಬೀದಿಗಳು, ಸುರಂಗ ರೈಲು. ಕಿವಿಗೆ ಬೀಳುವುದು ಬ್ರಸೆಲ್ಸ್‌ನಿಂದ ತಾಯಿ ಬರೆದ ಕಾಗದಗಳು. ಇಪ್ಪತ್ತರ ಪ್ರಾಯದಲ್ಲಿ ಆ ನಗರಕ್ಕೆ ಹೋಗಿದ್ದ ಮಗಳಿಗೆ ಬಂದ ಕಾಗದಗಳವು. ಮಗಳೇ ಅವನ್ನು ಓದುತ್ತಾಳೆ, ಏರಿಳಿತವಿಲ್ಲದೆ, ಅವಸರದಲ್ಲಿ. ರೈಲು ಬಂದರೆ ತಾಯಿಯ ಮಾತು ಸದ್ದಿನಲ್ಲಿ ಮುಳುಗಿಹೋಗುತ್ತದೆ. ಮಗಳ ಉತ್ತರ ಮಾತ್ರ ಒಂದೂ ಕೇಳಿಸುವುದಿಲ್ಲ. ಮೊದಮೊದಲು ಬೇಸರ ಬರುತ್ತದೆ, ನಿಜ. ಆದರೆ ಆ ಬೇಸರದೊಳಗೇ ನಮ್ಮ ತಪ್ಪು ನಮಗೆ ಕಾಣತೊಡಗುತ್ತದೆ.

ಈ ತಾಯಿ ಪೋಲೆಂಡಿನಲ್ಲಿ ಹುಟ್ಟಿದ ಯಹೂದಿ. ಆಶ್ವಿಟ್ಜ್‌ನ ನಾಜಿ ಶಿಬಿರದಿಂದ ಬದುಕಿ ಬಂದವರು. ಅವರ ಹೆತ್ತವರು ಬದುಕಲಿಲ್ಲ. ಹೀಗಿರಲು, ಮಗಳ ಕಾಗದ ತಡವಾದರೆ ಅವರು ಪಡುವ ಕಳವಳವನ್ನು ಬರಿಯ ಗೊಣಗಾಟವೆನ್ನುವಂತಿಲ್ಲ.

2015ರ ‘ನೋ ಹೋಂ ಮೂವಿ’ಯಲ್ಲಿ ಅದೇ ತಾಯಿ ಮುಪ್ಪಾಗಿದ್ದಾರೆ. ಅಡಿಗೆಮನೆಯ ಮೇಜಿನ ಬಳಿ ತಾಯಿ ಮಗಳ ಮಾತುಕತೆ. ಮಗಳು ದೂರವಿದ್ದಾಗ ಕಂಪ್ಯೂಟರಿನ ತೆರೆಯ ಮೇಲೆ. ಬರಬರುತ್ತ ತಾಯಿಯ ಮಾತು ಕಡಿಮೆಯಾಗಿ, ಕೆಮ್ಮು, ನಿದ್ದೆ ಹೆಚ್ಚುತ್ತವೆ. ಬಳಲಿದ ಜೀವದ ಮುಂದೆ ಕ್ಯಾಮೆರಾ ಇಷ್ಟು ಹೊತ್ತು ನಿಲ್ಲಬೇಕಿತ್ತೇ ಎಂದು ನಮಗೆ ಒಂದೆರಡು ಕಡೆ ಕಸಿವಿಸಿಯಾಯಿತು. ಚಿತ್ರದ ದೋಷವೆಂದರೆ ಇದೊಂದೇ. ಆದರೆ 2014ರಲ್ಲಿ ಸಂಭವಿಸಿದ ತಾಯಿಯ ಮರಣವನ್ನು ಅವರು ತೋರಿಸಿಲ್ಲ, ಅಳುವಿಲ್ಲ, ಸಂಗೀತವಿಲ್ಲ. ಕೊನೆಗೆ ಉಳಿಯುವುದು ಬರಿದಾದ ಮನೆ. ದುಃಖವನ್ನು ಪ್ರದರ್ಶನಕ್ಕಿಡದ ಈ ಸಂಯಮವೇ ಚಿತ್ರದ ದೊಡ್ಡ ಗುಣ. ಇದು ತೆರೆಕಂಡ ಎರಡೇ ತಿಂಗಳಲ್ಲಿ, 2015ರ ಅಕ್ಟೋಬರಿನಲ್ಲಿ, ಆಕರ್ಮನ್ ಅವರೂ ತೀರಿಕೊಂಡರು.

ಈ ಎರಡನ್ನೂ ನೋಡಿದವರು ಒಂದು ಅಂಶವನ್ನು ಗಮನಿಸಬೇಕು. ತಾಯಿಯ ನೆನಪೆಂದು ಇಲ್ಲಿ ಉಳಿದಿರುವುದು ಅವರ ದೊಡ್ಡ ಮಾತುಗಳಲ್ಲ. ಊಟ, ಆರೋಗ್ಯ, ನೆಂಟರ ಸಮಾಚಾರ. ಅಂದು ಕಿವಿಗೆ ಬಿದ್ದೂ ಬೀಳದಂತಿದ್ದ ಮಾತುಗಳೇ ಅವು.

ನಮ್ಮ ಟ್ರಂಕಿನಲ್ಲಿಯೂ ಅಮ್ಮ ಬರೆದ ಇನ್‌ಲ್ಯಾಂಡ್ ಕಾಗದಗಳ ಒಂದು ಕಟ್ಟಿದೆ. ಅವರು ಹೋಗಿ ಮೂರು ವರ್ಷವಾಯಿತು. ಚಿತ್ರ ನೋಡಿದ ರಾತ್ರಿ ಬಿಚ್ಚಿ ಓದಿದೆವು. ಒಂಬತ್ತು ಕಾಗದಗಳಲ್ಲಿ ಒಂದೇ ಪ್ರಶ್ನೆ: ಕಾಲುನೋವು ಹೇಗಿದೆ? ನೋವು ಎಂದೋ ವಾಸಿಯಾಗಿತ್ತು. ಅದನ್ನು ತಿಳಿಸಿ ನಾವು ಒಂದು ಸಾಲೂ ಬರೆದಿರಲಿಲ್ಲ.